ಗುರುವಿಗೆ ಹನ್ನೆರಡು ವರ್ಷ, ಸಂತಮಸಕ್ಕೆ ಎರಡೇ ದಿನ

ಗುರು ಸಿಂಹರಾಶಿಗೆ ಬಂದರೆ ನಾಸಿಕಕ್ಕೆ ಸಿಂಹಸ್ಥ ಕುಂಭಮೇಳ. 2003ರಲ್ಲಿ ಬಂದಿತ್ತು, 2015ರಲ್ಲಿ ಬಂದಿತ್ತು. ಮುಂದಿನದಕ್ಕೆ 2026ರ ಅಕ್ಟೋಬರ್ 31ರಂದು ಧ್ವಜಾರೋಹಣ, 2027ರ ಆಗಸ್ಟ್ 2ರಂದು ಮೊದಲ ಅಮೃತಸ್ನಾನ, ಆಗಸ್ಟ್ 31ರಂದು ಎರಡನೆಯದು ಎಂದು ಘೋಷಣೆಯಾಗಿದೆ. ವೈಷ್ಣವ ಅಖಾಡಗಳು ನಾಸಿಕದ ರಾಮಕುಂಡದಲ್ಲಿ, ಶೈವ ಅಖಾಡಗಳು ತ್ರ್ಯಂಬಕೇಶ್ವರದ ಕುಶಾವರ್ತದಲ್ಲಿ ಮುಳುಗೇಳುತ್ತವೆ. ರಸ್ತೆ, ಸೇತುವೆ, ಘಟ್ಟ, ಪೊಲೀಸು, ರೈಲು ಎಲ್ಲವೂ ಸೇರಿ ಇಡೀ ಜಿಲ್ಲೆಯ ಆಡಳಿತ ಒಂದು ಗ್ರಹದ ನಡೆಗೆ ಹೆಜ್ಜೆ ಹಾಕುವ ಊರು ಇದು.

ಕನ್ನಡದವರಿಗೆ ಇದು ಹೊಸದೇನಲ್ಲ. ಮಗಳಿಗೆ ಗುರುಬಲ ಬಂತೇ ಎಂದು ಕೇಳದ ಮನೆ ನಮ್ಮಲ್ಲಿ ಕಡಿಮೆ. ನದಿಗಳಿಗೂ ಗುರು ಪಾಳಿಯ ಮೇಲೆ ಬರುತ್ತಾನೆ: ಕನ್ಯಾರಾಶಿಗೆ ಬಂದಾಗ ಕೃಷ್ಣೆಗೆ ಪುಷ್ಕರ, ತುಲೆಗೆ ಬಂದಾಗ ಕಾವೇರಿಗೆ, ವೃಶ್ಚಿಕಕ್ಕೆ ಬಂದಾಗ ಭೀಮೆಗೆ, ಮಕರಕ್ಕೆ ಬಂದಾಗ ತುಂಗಭದ್ರೆಗೆ. ಸಿಂಹ ಗೋದಾವರಿಯ ಪಾಲು. ‘ಕವಿರಾಜಮಾರ್ಗ’ ಕನ್ನಡನಾಡಿನ ಬಡಗಣ ಗಡಿಯೆಂದು ಹೇಳುವುದು ಇದೇ ಗೋದಾವರಿಯನ್ನು. ಅದು ಹುಟ್ಟುವುದು ನಾಸಿಕದ ಪಕ್ಕದ ಬ್ರಹ್ಮಗಿರಿಯಲ್ಲಿ.

ಆದರೆ ಈ ಹಬ್ಬದಲ್ಲಿ ಒಂದು ತಮಾಷೆಯಿದೆ. ದೊಡ್ಡ ಸ್ನಾನಗಳ ಹೊತ್ತಿಗೆ ಗುರು ಕಾಣುವುದೇ ಕಷ್ಟ. ಸೂರ್ಯನೂ ಆ ಹೊತ್ತಿಗೆ ಸಿಂಹದ ಆಸುಪಾಸಿನಲ್ಲಿರುತ್ತಾನೆ. ಗುರು ಅವನ ಬೆಳಕಿನಲ್ಲಿ ಅಡಗಿ ಹಗಲೆಲ್ಲ ಅವನ ಜೊತೆಯೇ ಸಾಗುತ್ತಾನೆ. ಪಂಚಾಂಗದವರು ಇದನ್ನು ಗುರು ಅಸ್ತ ಎನ್ನುತ್ತಾರೆ. 2027ರಲ್ಲಂತೂ ಗುರು-ಸೂರ್ಯರ ಯುತಿ ನಡೆಯುವುದೇ ಆಗಸ್ಟ್ ಕೊನೆಯ ಸುಮಾರಿಗೆ. ಅದರ ಮೇಲೆ ಶ್ರಾವಣದ ಮೋಡ, ಸಹ್ಯಾದ್ರಿಯ ಮಳೆ. ಲಕ್ಷಗಟ್ಟಲೆ ಜನ ನೀರಿಗಿಳಿಯುವುದು ಯಾರ ಕಣ್ಣಿಗೂ ಬೀಳದ ಗ್ರಹವೊಂದರ ಹೆಸರಿನಲ್ಲಿ. ಗುರು ಅಲ್ಲಿದ್ದಾನೆಂದು ನಮಗೆ ಹೇಳುವುದು ಲೆಕ್ಕ.

ಅದೇ ದಿಕ್ಕಿನಲ್ಲಿ, ಸಿಂಹದ ಮಘೆ ನಕ್ಷತ್ರಕ್ಕೆ ಸುಮಾರು ಹದಿನಾರು ಡಿಗ್ರಿ ದಕ್ಷಿಣಕ್ಕೆ, ಗುರುವಿನಂಥದೇ ಇನ್ನೊಂದು ಗ್ರಹವಿದೆ. ಅದನ್ನು ಯಾವ ಕಾಲದಲ್ಲೂ ಯಾರೂ ಕಂಡಿಲ್ಲ. ಅದರ ಹೆಸರು ಸಂತಮಸ. ಅದು ಸುತ್ತುವ ನಕ್ಷತ್ರ ಬಿಭಾ. ನಮ್ಮ ಗುರು ಸೂರ್ಯನಿಗೆ ಒಂದು ಸುತ್ತು ಹಾಕಲು 4,332 ದಿನಗಳಿಗೆ ತುಸು ಹೆಚ್ಚು ತೆಗೆದುಕೊಂಡರೆ, ಸಂತಮಸ ಬಿಭಾಗೆ ಒಂದು ಸುತ್ತು ಹಾಕುವುದು ಕೇವಲ 2.1375 ದಿನಗಳಲ್ಲಿ. ಗುರುವಿನ ಒಂದು ಪ್ರದಕ್ಷಿಣೆ ಮುಗಿಯುವುದರೊಳಗೆ ಅದು ಸುಮಾರು 2,027 ಸುತ್ತು ಮುಗಿಸಿರುತ್ತದೆ. ಬರಲಿರುವ ಸ್ನಾನದ ಇಸವಿಯೂ ಅದೇ ಸಂಖ್ಯೆಯಾಗಿರುವುದು ಕಾಕತಾಳೀಯ. ಅದರಿಂದ ಯಾರೂ ಭವಿಷ್ಯ ತೆಗೆಯದಿರಲಿ.

ಬಿಭಾ ಸೂರ್ಯನಿಗಿಂತ ತುಸು ದೊಡ್ಡ, ತುಸು ಬಿಸಿಯಾದ ನಕ್ಷತ್ರ. ಇಲ್ಲಿಂದ ಸುಮಾರು 340 ಜ್ಯೋತಿರ್ವರ್ಷ ದೂರ. ಈಗ ನಮ್ಮನ್ನು ಮುಟ್ಟುತ್ತಿರುವ ಅದರ ಬೆಳಕು ಹೊರಟದ್ದು, ಹತ್ತಿಪ್ಪತ್ತು ವರ್ಷ ಆಚೀಚೆ, 1685ರ ಸುಮಾರಿಗೆ. ಆಗ ಔರಂಗಜೇಬ ದಖ್ಖನಿಗೆ ಇಳಿದು ಬಂದಿದ್ದ, ಬಿಜಾಪುರಕ್ಕೆ ಮುತ್ತಿಗೆ ಬಿದ್ದಿತ್ತು, ಸಂಭಾಜಿ ಮರಾಠರ ದೊರೆಯಾಗಿದ್ದ. ಮೊನ್ನೆ ಮೊನ್ನೆಯವರೆಗೆ ಔರಂಗಾಬಾದ್ ಆಗಿದ್ದು 2023ರಲ್ಲಿ ಛತ್ರಪತಿ ಸಂಭಾಜಿನಗರವಾದ ಊರಿನ ಹಳೆಯ ಹೆಸರಿನವನೂ ಹೊಸ ಹೆಸರಿನವನೂ ಎದುರುಬದುರಾಗಿ ಕಾದಾಡುತ್ತಿದ್ದ ವರ್ಷಗಳವು. ಆ ಬೆಳಕು ಊರಿನ ಮೇಲೆ ಬೀಳುವ ಹೊತ್ತಿಗೆ ಬೋರ್ಡು ಬದಲಾಗಿತ್ತು. ಇನ್ನೂ ಒಂದು: ಬಿಭಾ ಇರುವ ಸೆಕ್ಸ್‌ಟನ್ಸ್ ಎಂಬ ಮಂಕು ತಾರಾಪುಂಜವನ್ನು ಪೋಲೆಂಡಿನ ಹೆವೇಲಿಯಸ್ ಆಕಾಶದ ನಕಾಶೆಗೆ ಸೇರಿಸಿದ್ದೂ ಅದೇ ಕಾಲದಲ್ಲಿ, 1687ರಲ್ಲಿ. ನಕ್ಷತ್ರಗಳ ಅಂತರ ಅಳೆಯಲು ಅವನು ಬಳಸುತ್ತಿದ್ದ ಉಪಕರಣ 1679ರ ಬೆಂಕಿಯಲ್ಲಿ ವೀಕ್ಷಣಾಲಯದ ಸಮೇತ ಸುಟ್ಟುಹೋಗಿತ್ತು. ಅದರ ನೆನಪಿಗೆ, ಹೇಳಿಕೊಳ್ಳುವಂಥ ಒಂದು ನಕ್ಷತ್ರವೂ ಇಲ್ಲದ ಖಾಲಿ ಜಾಗವೊಂದಕ್ಕೆ ಅದರ ಹೆಸರಿಟ್ಟ.

ಕಾಣದ ಗ್ರಹವನ್ನು ಕಂಡುಹಿಡಿದದ್ದಾದರೂ ಹೇಗೆ? ಮಗುವಿನ ಎರಡೂ ಕೈ ಹಿಡಿದು ಗಿರಗಿರನೆ ತಿರುಗಿಸುವ ಅಪ್ಪನನ್ನು ನೋಡಿ. ಮಗು ದೊಡ್ಡ ಸುತ್ತು ಹೊಡೆಯುತ್ತದೆ, ನಿಜ. ಆದರೆ ಅಪ್ಪನೂ ನಿಂತಲ್ಲೇ ನಿಂತಿರುವುದಿಲ್ಲ. ಹಿಂದಕ್ಕೆ ವಾಲಿ, ಪಾದ ಬದಲಿಸುತ್ತ, ತಾನೂ ಒಂದು ಪುಟ್ಟ ಸುತ್ತು ಹಾಕುತ್ತಿರುತ್ತಾನೆ. ಮಗು ಕತ್ತಲಲ್ಲಿದ್ದು ಅಪ್ಪನೊಬ್ಬನೇ ಕಂಡರೂ ಅವನ ಹೆಜ್ಜೆ ನೋಡಿ ಕೈಯಲ್ಲಿ ಮಗುವಿದೆ ಎನ್ನಬಹುದು. ಎಷ್ಟು ತೂಕದ್ದು, ಎಷ್ಟು ಬೇಗ ತಿರುಗುತ್ತಿದೆ ಎಂದೂ ಅಂದಾಜು ಹಾಕಬಹುದು. ನಕ್ಷತ್ರಗಳ ವಿಷಯದಲ್ಲಿ ಈ ಹೆಜ್ಜೆಯನ್ನು ನೋಡುವುದು ಬೆಳಕಿನ ರೋಹಿತದಲ್ಲಿ. ಬೆಳಕನ್ನು ಬಣ್ಣಗಳಾಗಿ ಬಿಡಿಸಿದರೆ ಅದರಲ್ಲಿ ನೂರಾರು ಕಪ್ಪು ಗೆರೆಗಳಿರುತ್ತವೆ. ನಕ್ಷತ್ರ ನಮ್ಮ ಕಡೆಗೆ ಬರುವಾಗ ಆ ಗೆರೆಗಳು ಕೂದಲೆಳೆಯಷ್ಟು ನೀಲಿಯತ್ತ ಸರಿಯುತ್ತವೆ, ದೂರ ಹೋಗುವಾಗ ಕೆಂಪಿನತ್ತ. ಈ ಸರಿದಾಟಕ್ಕೊಂದು ತಾಳ ಸಿಕ್ಕರೆ, ಅಷ್ಟು ದಿನಕ್ಕೊಮ್ಮೆ ಹೀಗಾಗುತ್ತಿದೆ ಎಂದು ಗೊತ್ತಾದರೆ, ಅಲ್ಲಿ ಏನೋ ಸುತ್ತುತ್ತಿದೆ.

ಗುರುವಿನ ಸೆಳೆತಕ್ಕೆ ನಮ್ಮ ಸೂರ್ಯ ಹೀಗೆ ಓಲಾಡುವ ವೇಗ ಸೆಕೆಂಡಿಗೆ ಹನ್ನೆರಡೂವರೆ ಮೀಟರ್, ಅಂದರೆ ಊರೊಳಗಿನ ಬೈಕಿನ ವೇಗ. ಅದನ್ನು ಬೇರೊಂದು ನಕ್ಷತ್ರದಿಂದ ಅಳೆಯಬೇಕಾದವರು ಹನ್ನೆರಡು ವರ್ಷ ಪಟ್ಟು ಹಿಡಿದು ಕೂರಬೇಕು. ಬಿಭಾದ ಓಲಾಟ ಸೆಕೆಂಡಿಗೆ ಇನ್ನೂರು ಮೀಟರಿಗೂ ಹೆಚ್ಚು, ಹತ್ತಿರ ಹತ್ತಿರ ವಿಮಾನದ ವೇಗ. ಅದೂ ಎರಡು ದಿನಕ್ಕೊಮ್ಮೆ ಮರುಕಳಿಸುತ್ತದೆ. ಹವಾಯಿಯ ಮೌನಾ ಕಿಯಾ ಶಿಖರದ ಕೆಕ್ ದೂರದರ್ಶಕದಲ್ಲಿ ಅಮೆರಿಕದ ಖಗೋಳ ವಿಜ್ಞಾನಿಗಳು ಇದನ್ನು ಹಿಡಿದು 2006ರಲ್ಲಿ ಪ್ರಕಟಿಸಿದರು. ಸಂತಮಸದ ತೂಕ ಕಡಿಮೆಯೆಂದರೂ ಗುರುವಿನ ಒಂದೂವರೆ ಪಟ್ಟು. ‘ಕಡಿಮೆಯೆಂದರೂ’ ಎನ್ನಲು ಕಾರಣವಿದೆ: ಅದರ ಕಕ್ಷೆ ನಮಗೆ ಎಷ್ಟು ಓರೆಯಾಗಿದೆ ಎಂದು ಈ ವಿಧಾನ ಹೇಳುವುದಿಲ್ಲ. ಓರೆ ಹೆಚ್ಚಿದ್ದಷ್ಟೂ ನಿಜವಾದ ತೂಕವೂ ಹೆಚ್ಚು.

ಬಿಭಾದಿಂದ ಸಂತಮಸಕ್ಕೆ ಇರುವ ದೂರ ಸುಮಾರು ಐವತ್ತು ಲಕ್ಷ ಕಿಲೋಮೀಟರ್. ಸೂರ್ಯನಿಂದ ಬುಧ ಇರುವ ದೂರದ ಹತ್ತನೇ ಒಂದು ಪಾಲೂ ಇಲ್ಲ. ಸಾವಿರ ಡಿಗ್ರಿ ಸೆಲ್ಸಿಯಸ್ ದಾಟಿದ ಕಾವು. ಚಂದ್ರ ಭೂಮಿಗೆ ತೋರುವಂತೆ ಅದೂ ಬಿಭಾಗೆ ಸದಾ ಒಂದೇ ಮುಖ ತೋರುತ್ತಿರಬೇಕು. ಹಾಗಾಗಿ ಒಂದು ಕಡೆ ಮುಗಿಯದ ಹಗಲು, ಇನ್ನೊಂದು ಕಡೆ ಮುಗಿಯದ ಇರುಳು. ಇಂಥವನ್ನು ಖಗೋಳದವರು ‘ಬಿಸಿ ಗುರು’ಗಳೆಂದು ಕರೆಯುತ್ತಾರೆ. 1995ರಲ್ಲಿ ಸ್ವಿಟ್ಜರ್ಲೆಂಡಿನ ಮಿಶೆಲ್ ಮೇಯರ್ ಮತ್ತು ಡಿಡಿಯೆ ಕೆಲೋ 51 ಪೆಗಾಸಿ ನಕ್ಷತ್ರದ ಸುತ್ತ ನಾಲ್ಕೂಕಾಲು ದಿನಕ್ಕೊಮ್ಮೆ ಸುತ್ತುವ ಇಂಥದೊಂದು ಗ್ರಹವಿದೆ ಎಂದಾಗ ಬಹಳ ಮಂದಿ ನಂಬಲಿಲ್ಲ. ಅಷ್ಟು ಹತ್ತಿರದಲ್ಲಿ, ಆ ಬೇಗೆಯಲ್ಲಿ ಗುರುವಿನಷ್ಟು ದೊಡ್ಡ ಅನಿಲದ ಗೋಳ ಹುಟ್ಟುವುದು ಕಷ್ಟ. ದೂರದ ತಂಪಿನಲ್ಲಿ ಹುಟ್ಟಿ ಆಮೇಲೆ ಒಳಕ್ಕೆ ಸರಿದು ಬಂದಿರಬೇಕೆಂಬುದು ಇಂದು ಹೆಚ್ಚು ಜನ ಒಪ್ಪುವ ಉತ್ತರ. ಹೇಗೆ ಸರಿಯಿತು ಎನ್ನುವುದರ ಬಗ್ಗೆ ಜಗಳ ಮುಗಿದಿಲ್ಲ. ಈಗ ಪಟ್ಟಿಯಲ್ಲಿರುವ ಹೊರಗ್ರಹಗಳು ಆರು ಸಾವಿರ ದಾಟಿವೆ. ಮೇಯರ್ ಮತ್ತು ಕೆಲೋಗೆ ನೊಬೆಲ್ ಬಂದದ್ದು 2019ರಲ್ಲಿ.

ಕಾಣುವುದಕ್ಕಿಂತ ಲೆಕ್ಕವನ್ನು ಹೆಚ್ಚು ನಂಬಿದ ಜನ ಸಂಭಾಜಿನಗರದ ಸುತ್ತಮುತ್ತ ಹಿಂದೆಯೂ ಇದ್ದರು. ಊರಿನಿಂದ ವೇರೂಳದ (ಎಲ್ಲೋರಾ) ಕಡೆ ಹೊರಟರೆ ದಾರಿಯಲ್ಲಿ ಸಿಗುವ ದೌಲತಾಬಾದಿನ ಕೋಟೆಯೇ ಸೇವುಣರ ದೇವಗಿರಿ. ಆ ಅರಸರ ಕನ್ನಡ ಶಾಸನಗಳು ನಮ್ಮ ಜಿಲ್ಲೆಗಳಲ್ಲಿ ದಂಡಿಯಾಗಿವೆ. ವೇರೂಳದ ಕೈಲಾಸ ದೇಗುಲ ಅವರಿಗೂ ಹಿಂದಿನ ರಾಷ್ಟ್ರಕೂಟ ಕೃಷ್ಣನದು. ಅಲ್ಲಿಂದ ಉತ್ತರಕ್ಕೆ ಗೌತಾಳೆಯ ಕಾಡು, ಬೆಟ್ಟದ ಸಾಲು. ಅದರ ಆಚೆಯ ಬುಡದಲ್ಲಿ, ಚಾಳೀಸಗಾಂವ್ ಹತ್ತಿರ, ಪಾಟಣ. 1865ರಲ್ಲಿ ಭಾವು ದಾಜಿ ಅಲ್ಲೊಂದು ಶಾಸನ ಕಂಡರು. 1207ರ ಸುಮಾರಿನ ಆ ಶಾಸನ ಹೇಳುವುದು ಇಷ್ಟು: ಸೇವುಣ ಸಿಂಘಣನ ಆಸ್ಥಾನ ಜ್ಯೋತಿಷಿ ಚಾಂಗದೇವ ತನ್ನ ಅಜ್ಜನ ‘ಸಿದ್ಧಾಂತ ಶಿರೋಮಣಿ’ಯನ್ನು ಓದಿಸುವುದಕ್ಕೆಂದೇ ಒಂದು ಮಠ ಕಟ್ಟಿಸಿದ. ಅಜ್ಜ ಎಂದರೆ ಭಾಸ್ಕರಾಚಾರ್ಯ, 1114ರಲ್ಲಿ ಹುಟ್ಟಿದವರು. ಅವರೇ ಹೇಳಿಕೊಂಡಿರುವ ಊರು ವಿಜ್ಜಡವಿಡ. ಅದು ನಮ್ಮ ವಿಜಯಪುರವೆಂದು ನಾವು, ಪಾಟಣದ ಹತ್ತಿರವೇ ಎಲ್ಲೋ ಎಂದು ಮಹಾರಾಷ್ಟ್ರದವರು. ಗಡಿ ತಗಾದೆಗಳ ಪಟ್ಟಿಯಲ್ಲಿ ಇದೂ ಒಂದಿರಲಿ. ಇದರಿಂದ ಬಸ್ಸಂತೂ ನಿಲ್ಲುವುದಿಲ್ಲ.

ಒಂದು ಗ್ರಂಥದ ಪಾಠಕ್ಕೆಂದು ಮಠ! ಅಲ್ಲಿ ಕೂತ ಹುಡುಗರು ಮಾಡುತ್ತಿದ್ದುದು ಏನು? ಗ್ರಹಗಳ ನಡೆಯ ಲೆಕ್ಕ. ಉದಾಹರಣೆಗೆ, ಅವರಿಗೂ ಹಿಂದಿನ ಆರ್ಯಭಟರ ಪ್ರಕಾರ 43,20,000 ವರ್ಷಗಳ ಒಂದು ಮಹಾಯುಗದಲ್ಲಿ ಗುರು ಹಾಕುವ ಸುತ್ತು 3,64,224. ಭಾಗಿಸಿ ನೋಡಿ: ಒಂದು ಸುತ್ತಿಗೆ 11.86 ವರ್ಷ. ಇಂದಿನ ಪಠ್ಯಪುಸ್ತಕದಲ್ಲೂ ಅಷ್ಟೇ ಇದೆ. ಇಷ್ಟು ನಿಖರವಾದ ಅಂಕೆ ಬರಿಗಣ್ಣಿನ ನೋಟದಿಂದ, ತಲೆಮಾರುಗಳ ತಾಳ್ಮೆಯಿಂದ ಬಂದದ್ದು. ಹಾಗೆಂದು ಹೊರಗ್ರಹಗಳೂ ನಮ್ಮವರಿಗೆ ಗೊತ್ತಿದ್ದವು ಎಂದು ಭಾಷಣ ಬಿಗಿಯುವವರನ್ನು ಭಾಸ್ಕರಾಚಾರ್ಯರೇ ಮಠದ ಬಾಗಿಲಲ್ಲಿ ತಡೆದಾರು. ಲೆಕ್ಕದ ಮನುಷ್ಯ ಅವರು, ಆಧಾರ ಕೇಳುತ್ತಿದ್ದರು.

ಈಗ ಹೆಸರಿನ ಮಾತು. ಅಂತರರಾಷ್ಟ್ರೀಯ ಖಗೋಳ ಒಕ್ಕೂಟಕ್ಕೆ 2019ರಲ್ಲಿ ನೂರು ತುಂಬಿತು. ಆ ನೆಪದಲ್ಲಿ ನೂರಕ್ಕೂ ಹೆಚ್ಚು ದೇಶಗಳಿಗೆ ತಲಾ ಒಂದು ನಕ್ಷತ್ರ, ಅದರ ಒಂದು ಗ್ರಹ ಕೊಟ್ಟು ಹೆಸರಿಡಿ ಎಂದಿತು. ಭಾರತದ ಪಾಲಿಗೆ ಬಂದದ್ದು ಎಚ್‌ಡಿ 86081. ಇಲ್ಲಿನ ಖಗೋಳ ಸಂಘ ಸಾರ್ವಜನಿಕರಿಂದ ಹೆಸರು ತರಿಸಿಕೊಂಡು ಮತಕ್ಕೆ ಹಾಕಿತು. ಬಿಭಾ ಎಂಬ ಹೆಸರು ಸೂಚಿಸಿದ್ದು ಸೂರತ್‌ನಲ್ಲಿ ಎಂಜಿನಿಯರಿಂಗ್ ಓದುತ್ತಿದ್ದ ವಿದ್ಯಾರ್ಥಿ, ಸಂತಮಸ ಎಂದದ್ದು ಪುಣೆಯ ಹದಿಮೂರು ವರ್ಷದ ಶಾಲಾ ಬಾಲಕ. ಒಂದು ಬೆಳಕಿನ ಕಿರಣ, ಇನ್ನೊಂದು ಮುಸುಕಿದ ಕತ್ತಲು. ದುಡ್ಡು ಕೊಟ್ಟರೆ ನಿಮ್ಮ ಹೆಂಡತಿಯ ಹೆಸರನ್ನು ನಕ್ಷತ್ರಕ್ಕಿಟ್ಟು ಸರ್ಟಿಫಿಕೇಟು ಕಳಿಸುವ ಕಂಪನಿಗಳಿವೆ. ಆ ಕಾಗದಕ್ಕೆ ಫ್ರೇಮಿನ ಬೆಲೆಯಷ್ಟೇ. ಬಿಭಾ ಹಾಗಲ್ಲ, ಒಕ್ಕೂಟದ ಪಟ್ಟಿಗೆ ಸೇರಿದ ಹೆಸರು.

ಹೆಸರಿನ ಒಡತಿ ಬಿಭಾ ಚೌಧುರಿ. 1913ರಲ್ಲಿ ಕೋಲ್ಕತ್ತದಲ್ಲಿ ಹುಟ್ಟಿ, 1936ರಲ್ಲಿ ಅಲ್ಲಿನ ವಿಶ್ವವಿದ್ಯಾಲಯದಲ್ಲಿ ಭೌತವಿಜ್ಞಾನದ ಎಂ.ಎಸ್ಸಿ. ಮುಗಿಸಿದರು; ತರಗತಿಯಲ್ಲಿದ್ದ ಒಬ್ಬಳೇ ಹುಡುಗಿ. ಡಿ.ಎಂ. ಬೋಸರ ಜೊತೆ ಬೋಸ್ ಸಂಸ್ಥೆಯಲ್ಲಿ ವಿಶ್ವಕಿರಣಗಳ ಬೆನ್ನು ಹತ್ತಿದರು. ಡಾರ್ಜಿಲಿಂಗ್, ಸಂದಕ್‌ಫೂ ಬೆಟ್ಟಗಳ ಮೇಲೆ ಫೋಟೋ ಪ್ಲೇಟುಗಳನ್ನು ತಿಂಗಳುಗಟ್ಟಲೆ ಇಟ್ಟು, ಆಮೇಲೆ ಸೂಕ್ಷ್ಮದರ್ಶಕದಡಿ ಹಿಡಿದು, ಬಾಹ್ಯಾಕಾಶದಿಂದ ಬಂದ ಕಣಗಳು ಕೊರೆದ ಗೀರುಗಳನ್ನು ಎಣಿಸುವ ಕೆಲಸ. 1940ರ ದಶಕದ ಮೊದಲ ವರ್ಷಗಳಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಇವರಿಬ್ಬರ ಲೇಖನಗಳು ಬಂದವು: ಎಲೆಕ್ಟ್ರಾನಿನ ಸುಮಾರು ಇನ್ನೂರು ಪಟ್ಟು ತೂಗುವ ಕಣವೊಂದರ ಗುರುತು ಅವುಗಳಲ್ಲಿತ್ತು. ಇನ್ನಷ್ಟು ಖಚಿತವಾಗಿ ಹೇಳಲು ಒಳ್ಳೆಯ ಪ್ಲೇಟು ಬೇಕಿತ್ತು. ಯುದ್ಧಕಾಲ, ಸಿಗಲಿಲ್ಲ. ಕೆಲವೇ ವರ್ಷಗಳಲ್ಲಿ ಬ್ರಿಸ್ಟಲ್‌ನ ಸೆಸಿಲ್ ಪೊವೆಲ್ ಅದೇ ವಿಧಾನದಲ್ಲಿ, ಸುಧಾರಿಸಿದ ಪ್ಲೇಟುಗಳೊಂದಿಗೆ ಪಯಾನ್ ಕಣವನ್ನು ಹಿಡಿದು 1950ರ ನೊಬೆಲ್ ಪಡೆದರು. ಬೋಸ್ ಮತ್ತು ಚೌಧುರಿ ಮೊದಲೇ ಈ ಹಾದಿ ತುಳಿದಿದ್ದರೆಂದು ಪೊವೆಲ್ ತಮ್ಮ ಪುಸ್ತಕದಲ್ಲಿ ಒಪ್ಪಿಕೊಂಡರು. ಒಪ್ಪಿಕೊಂಡದ್ದು ದೊಡ್ಡತನ, ಆದರೆ ಅದರಿಂದ ಬಿಭಾ ಅವರಿಗೆ ಸಿಕ್ಕಿದ್ದು ಮಾತ್ರ ಬಹಳ ಕಡಿಮೆ.

ಮ್ಯಾಂಚೆಸ್ಟರ್‌ನಲ್ಲಿ ಬ್ಲ್ಯಾಕೆಟ್ ಅವರ ಪ್ರಯೋಗಾಲಯದಲ್ಲಿ ಡಾಕ್ಟರೇಟ್ ಮಾಡಿ ಮರಳಿದ ಅವರನ್ನು 1949ರಲ್ಲಿ ಹೋಮಿ ಭಾಭಾ ಮುಂಬೈಯ ಟಾಟಾ ಮೂಲವಿಜ್ಞಾನ ಸಂಸ್ಥೆಗೆ ಕರೆದುಕೊಂಡರು. ಅಲ್ಲಿನ ಮೊದಲ ಮಹಿಳಾ ಸಂಶೋಧಕಿ ಅವರೇ. ಮುಂದೆ ಅಹಮದಾಬಾದಿನ ಭೌತ ಸಂಶೋಧನಾ ಪ್ರಯೋಗಾಲಯ ಸೇರಿದರು. ನಮಗೆ ಅವರು ಹತ್ತಿರವಾಗುವುದು ಕೋಲಾರದಿಂದ. ಚಿನ್ನದ ಗಣಿಯ ಆಳದಲ್ಲಿ ನಡೆದ ವಿಶ್ವಕಿರಣ ಪ್ರಯೋಗಗಳಲ್ಲಿ ಅವರದೂ ಪಾಲಿತ್ತು. ಅಲ್ಲಿ ಈ ಕೆಲಸಕ್ಕೆ 1950ರ ದಶಕದ ಆರಂಭದಲ್ಲೇ ಅಡಿಪಾಯ ಹಾಕಿದವರು ನಂಜನಗೂಡಿನಲ್ಲಿ ಹುಟ್ಟಿದ ಬಿ.ವಿ. ಶ್ರೀಕಂಠನ್, ಆಮೇಲೆ ಟಾಟಾ ಸಂಸ್ಥೆಯ ನಿರ್ದೇಶಕರಾದವರು. ಆಕಾಶದಿಂದ ಬಂದ ಕಣಗಳನ್ನು ನೋಡಲು ನೆಲದೊಳಕ್ಕೆ ಯಾಕೆ ಇಳಿಯಬೇಕು? ಮೇಲೆ ಗದ್ದಲ ಹೆಚ್ಚು. ಕಿಲೋಮೀಟರುಗಟ್ಟಲೆ ಬಂಡೆಯನ್ನು ತೂರಿ ಬರಬಲ್ಲ ಗಟ್ಟಿ ಕಣಗಳು ಮಾತ್ರ ಅಲ್ಲಿ ಉಳಿಯುತ್ತವೆ, ಉಳಿದವನ್ನೆಲ್ಲ ಕಲ್ಲು ನುಂಗುತ್ತದೆ. ಚಾಂಪಿಯನ್ ರೀಫ್ ಗಣಿಯಲ್ಲಿ, 2.3 ಕಿಲೋಮೀಟರ್ ಆಳದಲ್ಲಿ, ಭಾರತ-ಜಪಾನ್-ಬ್ರಿಟನ್ ತಂಡ 1965ರಲ್ಲಿ ವಾತಾವರಣದ ನ್ಯೂಟ್ರಿನೋಗಳನ್ನು ಗುರುತಿಸಿತು. ಜಗತ್ತಿನಲ್ಲಿ ಹಾಗೆ ಗುರುತಿಸಿದ ಮೊದಲಿಗರಲ್ಲಿ ಆ ತಂಡವೂ ಒಂದು. 2001ರಲ್ಲಿ ಗಣಿ ಮುಚ್ಚಿತು. ಕೆಜಿಎಫ್ ಎಂದರೆ ಈಗಿನ ಹುಡುಗರಿಗೆ ಸಿನಿಮಾ.

ಬಿಭಾ ಚೌಧುರಿಗೆ ದೊಡ್ಡ ಪ್ರಶಸ್ತಿ ಯಾವುದೂ ಬರಲಿಲ್ಲ. ಮೌಂಟ್ ಅಬುವಿನಲ್ಲಿ ವಿಶ್ವಕಿರಣಗಳ ಒಂದು ಪ್ರಯೋಗ ಹೂಡುವ ಯೋಜನೆಯಿತ್ತು. 1971ರಲ್ಲಿ ವಿಕ್ರಮ್ ಸಾರಾಭಾಯಿ ತೀರಿಕೊಂಡ ಮೇಲೆ ಕೈಗೂಡಲಿಲ್ಲ. ಸ್ವಯಂ ನಿವೃತ್ತಿ ಪಡೆದು ಕೋಲ್ಕತ್ತಕ್ಕೆ ಹೋದರು, ಅಲ್ಲಿಯೂ ಸಂಶೋಧನೆ ಬಿಡಲಿಲ್ಲ. 1991ರ ಜೂನ್ 2ರಂದು ತೀರಿಕೊಂಡರು. ಹೊರಗ್ರಹಗಳು ಇವೆ ಎಂಬುದಕ್ಕೆ ಮೊದಲ ಗಟ್ಟಿ ಪುರಾವೆ, ಪಲ್ಸರ್ ಒಂದರ ಸುತ್ತ ಸುತ್ತುವ ಗ್ರಹಗಳು, ಪ್ರಕಟವಾದದ್ದು 1992ರಲ್ಲಿ. 2018ರಲ್ಲಿ ರಾಜಿಂದರ್ ಸಿಂಗ್ ಮತ್ತು ಸುಪ್ರಕಾಶ್ ಸಿ. ರಾಯ್ ಅವರ ಜೀವನಚರಿತ್ರೆ ಬರೆಯುವವರೆಗೆ ಭೌತವಿಜ್ಞಾನ ಓದಿದವರಲ್ಲೂ ಅವರ ಹೆಸರು ಕೇಳಿದವರು ವಿರಳ. ನಕ್ಷತ್ರಕ್ಕೆ ಅವರ ಹೆಸರು ಬಂದದ್ದು ಅದರ ಮರುವರ್ಷ.

ಖಗೋಳ ವಿಜ್ಞಾನಿಗಳ ಲೇಖನಗಳಲ್ಲಿ ಅದು ಇನ್ನೂ ಎಚ್‌ಡಿ 86081 ಎಂದೇ ನಡೆಯುತ್ತದೆ. ಎಚ್‌ಡಿ ಎಂದರೆ ಹೆನ್ರಿ ಡ್ರೇಪರ್, ಹಾರ್ವರ್ಡಿನ ನಕ್ಷತ್ರ ಪಟ್ಟಿಗೆ ಆಧಾರವಾದ ಹೆಸರು. ಆ ಪಟ್ಟಿಯ ಎರಡು ಲಕ್ಷ ಇಪ್ಪತ್ತೈದು ಸಾವಿರ ನಕ್ಷತ್ರಗಳನ್ನು, ಗಾಜಿನ ಪ್ಲೇಟುಗಳ ಮೇಲಿನ ರೋಹಿತ ನೋಡಿ ಒಂದೊಂದಾಗಿ ವಿಂಗಡಿಸಿದವರು ಆ್ಯನಿ ಜಂಪ್ ಕ್ಯಾನನ್ ಎಂಬ ಮಹಿಳೆ. ಪ್ಲೇಟಿಗೆ ಕಣ್ಣು ಹಚ್ಚಿ ಕೂತು ಆಯುಷ್ಯ ಕಳೆದ ಒಬ್ಬಾಕೆಯಿಂದ ಅಂಕಿ, ಅಂಥದೇ ಇನ್ನೊಬ್ಬಾಕೆಯಿಂದ ಹೆಸರು. ಪಟ್ಟಿಗೆ ಹೆಸರು ಕೊಟ್ಟ ಡ್ರೇಪರ್ ಮಹಾಶಯರು ಮಾತ್ರ ಅದು ಶುರುವಾಗುವ ಮೊದಲೇ ತೀರಿಕೊಂಡಿದ್ದರು.

ಬಿಭಾವನ್ನು ನೋಡಬೇಕೆನ್ನುವವರಿಗೆ ಒಂದೆರಡು ಮಾತು. ಬರಿಗಣ್ಣಿಗೆ ಕಾಣುವುದಿಲ್ಲ, ಬರಿಗಣ್ಣು ಆರನೇ ಕಾಂತಿಮಾನಕ್ಕೆ ಸೋಲುತ್ತದೆ, ಇದು ಒಂಬತ್ತರ ಹತ್ತಿರ. ಒಳ್ಳೆಯ ಬೈನಾಕ್ಯುಲರ್, ಊರ ದೀಪಗಳಿಂದ ದೂರದ ಕತ್ತಲು ಬೇಕು. ಮಾರ್ಚ್ ನಡುವಿನಲ್ಲಿ ರಾತ್ರಿ ಹನ್ನೊಂದರ ಹೊತ್ತಿಗೆ ನಾಸಿಕದಲ್ಲಾಗಲಿ ಸಂಭಾಜಿನಗರದಲ್ಲಾಗಲಿ ದಕ್ಷಿಣಕ್ಕೆ ಮುಖ ಮಾಡಿದರೆ ದಿಗಂತದಿಂದ 66 ಡಿಗ್ರಿ ಎತ್ತರದಲ್ಲಿರುತ್ತದೆ; ಬೆಂಗಳೂರಿನವರಿಗೆ ಇನ್ನೂ ಏಳು ಡಿಗ್ರಿ ಮೇಲೆ. ನೆತ್ತಿಯ ಹತ್ತಿರ ಮಘೆ, ಕೆಳಗೆ ಬಲಕ್ಕೆ ಒಂಟಿಯಾಗಿ ಕೆಂಪಗಿರುವ ಆಲ್ಫಾರ್ಡ್, ಎರಡರ ನಡುವೆ ತುಸು ಎಡಕ್ಕೆ ಸರಿದ ಖಾಲಿ ಜಾಗ. ನಕಾಶೆ ಹಿಡಿದೇ ಹುಡುಕಬೇಕು. 2027ರ ಫೆಬ್ರುವರಿಯಲ್ಲಿ ಇನ್ನೂ ಸುಲಭ: ಆಗ ಗುರು ರಾತ್ರಿಯಿಡೀ ಬೆಳಗುತ್ತ ಬಿಭಾದ ಮೇಲೆ ಇಪ್ಪತ್ತು ಡಿಗ್ರಿಯಷ್ಟರಲ್ಲೇ ಇರುತ್ತಾನೆ. ಪಂಚಾಂಗ ನೋಡುವವರು ಗಮನಿಸಿ, ಆ ಹೊತ್ತಿಗೆ ಅವನು ವಕ್ರಗತಿಯಲ್ಲಿ ಮತ್ತೆ ಕರ್ಕಕ್ಕೆ ಸರಿದಿರುತ್ತಾನೆ. ಸಿಂಹಕ್ಕೆ ಮರಳುವುದು ಮಳೆಗಾಲ ಶುರುವಾದ ಮೇಲೆ.

ಆ ಕೈಗೂಡದ ಪ್ರಯೋಗಕ್ಕೇ ಅಬುವಿನ ಕಥೆ ಮುಗಿಯಲಿಲ್ಲ. ಬಿಭಾ ಚೌಧುರಿ ಕೆಲಸ ಮಾಡಿದ ಅಹಮದಾಬಾದಿನ ಅದೇ ಪ್ರಯೋಗಾಲಯ ಮೌಂಟ್ ಅಬುವಿನ ಗುರುಶಿಖರದಲ್ಲಿ 1.2 ಮೀಟರ್ ದೂರದರ್ಶಕಕ್ಕೆ ಪಾರಸ್ ಎಂಬ ರೋಹಿತಮಾಪಕ ಜೋಡಿಸಿದೆ. ಸಂತಮಸವನ್ನು ಹಿಡಿದ ಓಲಾಟದ ವಿಧಾನವೇ ಇದರದೂ. ಅಭಿಜಿತ್ ಚಕ್ರವರ್ತಿ ಅವರ ತಂಡ 2018ರಲ್ಲಿ ಇದರಿಂದ ಅಳೆದದ್ದು ಭೂಮಿಯ 27 ಪಟ್ಟು ತೂಕದ, ಹತ್ತೊಂಬತ್ತೂವರೆ ದಿನಕ್ಕೊಮ್ಮೆ ಸುತ್ತುವ ಗ್ರಹ. 2024ರ ಹೊತ್ತಿಗೆ ಇನ್ನೂ ಮೂರು ಸಿಕ್ಕವು. 2024ರದ್ದು ಹೊಸ ಎರಡೂವರೆ ಮೀಟರ್ ದೂರದರ್ಶಕದ ಪಾರಸ್-2ರ ಫಲ: ಭೂಮಿಯ ಐದು ಪಟ್ಟು ಅಗಲ, ಅರವತ್ತು ಪಟ್ಟು ತೂಕ, ಐದು ದಿನಕ್ಕೊಂದು ಸುತ್ತು. ನಕ್ಷತ್ರಕ್ಕೆ ಅಷ್ಟು ಹತ್ತಿರದಲ್ಲಿ ಆ ಗಾತ್ರದ ಗ್ರಹಗಳು ಉಳಿಯುವುದೇ ಅಪರೂಪ. ಇದು ಹೇಗೆ ಉಳಿಯಿತೆಂದು ಲೆಕ್ಕ ಹಾಕುತ್ತಿದ್ದಾರೆ. ಸದ್ಯಕ್ಕೆ ಅದನ್ನು ಟಿಒಐ-6651ಬಿ ಎಂದು ಕರೆಯುತ್ತಾರೆ.